ಕೆಮ್ಮು ಕತ್ತರಿಸಿದ ಚಿತ್ರ

ಗ್ರೀಸಿನ ದ್ವೀಪವೊಂದರ ಅಸ್ಪ್ರೋಪೆತ್ರಾ ಊರಿನವರಿಗೆ ಅರ್ಗಿರೋಳ ಸಿಟ್ಟು ಹೊಸದೇನಲ್ಲ. ಇಪ್ಪತ್ತು ವರ್ಷ ಮದುವೆ, ನಾಮಕರಣಗಳ ಫೋಟೊ ತೆಗೆದು ಬದುಕಿದವಳು. ಬಿಗುಮಾನದ ಮದುಮಗನನ್ನು ಬೈದೇ ನಗಿಸುತ್ತಿದ್ದಳು. ಆದರೆ ಅವಳು ಫೋಟೊ ಬಿಟ್ಟು ಸಿನಿಮಾ ಹಿಡಿಯುವಂತೆ ಮಾಡಿದ್ದು ಇನ್ನೊಬ್ಬರ ಸಿಟ್ಟು.

ಯಾಕುಮಿಸ್ ಅಮೃತಶಿಲೆ ಕೆತ್ತುವ ಮುದುಕ. ಗೋರಿಗಳ ಮೇಲಿನ ದೇವದೂತರಿಂದ ಹಿಡಿದು ಬಾಗಿಲುಗಳ ಮೇಲಿನ ಹಡಗುಗಳವರೆಗೆ ಊರಿನ ಅರ್ಧ ಕಲ್ಲುಕೆಲಸ ಅವನದೇ. ಅವನು ಕೆತ್ತುತ್ತಿದ್ದಾಗ ಅರ್ಗಿರೋ ತೆಗೆದ ಫೋಟೊಗಳು ಅಥೆನ್ಸಿನ ಪತ್ರಿಕೆಯೊಂದರಲ್ಲಿ ಬಂದವು. ಬಿಸಿಲಿಗೆ ಬಿಳಿ ಧೂಳು ಅವನ ತಲೆಯ ಸುತ್ತ ಪ್ರಭಾವಳಿಯಂತೆ ನಿಂತಿತ್ತು. ನೋಡಿದವರೆಲ್ಲ ಹೊಗಳಿದರು. ಯಾಕುಮಿಸ್ ಮಾತ್ರ ಪತ್ರಿಕೆಯನ್ನು ಅವಳತ್ತ ತಳ್ಳಿದ.

"ಚೆನ್ನಾಗ್ ತೆಗ್ದಿದೀಯ ತಾಯಿ. ನನ್ನ ಸಾಯಿಸ್ತಿರೋ ಧೂಳೂ ಚೆಂದ ಕಾಣ್ಸತ್ತೆ. ನಿನ್ನ ಫೋಟೋದಲ್ಲಿ ಯಾರೂ ಕೆಮ್ಮೋದೇ ಇಲ್ಲ ನೋಡು."

ಆ ದಿನ ಅವಳಿಗೆ ಊಟ ಸೇರಲಿಲ್ಲ. ಸಿಟ್ಟು ಮುದುಕನ ಮೇಲೋ ತನ್ನ ಮೇಲೋ ಅವಳಿಗೇ ತಿಳಿಯಲಿಲ್ಲ. ಮರುವಾರ ಒಂದು ಕ್ಯಾಮೆರಾ ಮಾರಿ ಒಳ್ಳೆಯ ಮೈಕು ಕೊಂಡಳು. ಎರಡು ವರ್ಷ ಅವನ ಕೆಲಸದ ಕೊಟ್ಟಿಗೆಯಲ್ಲಿ ಕೂತು ಉಳಿಯ ಸದ್ದು, ಕೆಮ್ಮು, ಕೆಮ್ಮಿನ ನಡುವಿನ ಬೈಗುಳ ಎಲ್ಲವನ್ನೂ ಹಿಡಿದಳು. ತನ್ನಪ್ಪ ಐವತ್ತೆರಡಕ್ಕೆ, ಅಣ್ಣ ನಲವತ್ತೊಂಬತ್ತಕ್ಕೆ ಇದೇ ಧೂಳಿಗೆ ಹೋದರೆಂದು ಅವನು ಕೈ ನಿಲ್ಲಿಸದೆಯೇ ಹೇಳಿದ್ದೂ ಅದರಲ್ಲಿತ್ತು.

ಚಿತ್ರದ ಖರ್ಚು ವಹಿಸಿದ್ದ ಪ್ರವಾಸೋದ್ಯಮ ಸಂಘ ಅದನ್ನು ಒಂದು ಭಾನುವಾರ, ಚರ್ಚಿನ ಪೂಜೆ ಮುಗಿದ ಮೇಲೆ, ಊರ ಸಭಾಂಗಣದಲ್ಲಿ ತೋರಿಸಿತು. ಅವಳು ಕೊಟ್ಟಿದ್ದ ಒಂದು ಗಂಟೆಯ ಚಿತ್ರವನ್ನು ಸಂಘದವರು ಹನ್ನೆರಡು ನಿಮಿಷಕ್ಕೆ ಕತ್ತರಿಸಿದ್ದರು. ಉದ್ದಕ್ಕೂ ಪಿಟೀಲು. ಯಾರೋ ನಟನ ಮೃದು ದನಿ, ಈ ಕೈಗಳು ಕಲ್ಲಿಗೆ ಜೀವ ಕೊಡುತ್ತವೆ ಎನ್ನುತ್ತಿತ್ತು. ಕೆಮ್ಮು ಒಂದೂ ಇರಲಿಲ್ಲ.

ಚಪ್ಪಾಳೆಯ ನಡುವೆಯೇ ಅರ್ಗಿರೋ ಎದ್ದು ನಿಂತು ಮುದುಕನ ಕೆಮ್ಮು ಎಲ್ಲಿ ಹೋಯಿತೆಂದು ಕೇಳಿದಳು.

ಸಂಘದ ಕಾರ್ಯದರ್ಶಿ ಮೆನೆಲಾವೋಸ್ ನಕ್ಕ. "ಜನ ರಜಾ ಕಳಿಯೋಕೆ ಬರ್ತಾರೆ ಮೇಡಂ. ಆಸ್ಪತ್ರೆ ನೋಡೋಕಲ್ಲ."

"ಹಾಗಾದ್ರೆ ಆ ಮನುಷ್ಯನ್ನೂ ಕತ್ತರಿಸ್ಬಿಡಿ. ಬರೀ ಕಲ್ಲು ತೋರ್ಸಿ. ನನ್ನ ಹೆಸ್ರು ಮೊದ್ಲು ತೆಗೀರಿ."

ಹೆಸರು ತೆಗೆದರು. ಆದರೆ ಚಿತ್ರೀಕರಿಸಿದ್ದೆಲ್ಲದರ ಮೂಲಪ್ರತಿ ಅವಳ ಬಳಿಯೇ ಇತ್ತು. ಮುಂದಿನ ಭಾನುವಾರ ಮಧ್ಯಾಹ್ನ ಕಾಫಿ ಅಂಗಡಿಯ ಕಿಟಕಿಗಳನ್ನು ಮುಚ್ಚಿಸಿ, ಗೋಡೆಗೆ ಹಾಸಿಗೆಯ ದುಪ್ಪಟಿಯನ್ನು ಮೊಳೆ ಹೊಡೆದು ಕಟ್ಟಿ, ಪೂರ್ತಿ ಗಂಟೆ ತೋರಿಸಿದಳು. ಕಲ್ಲುಕುಟಿಗರ ಮನೆಯವರೆಲ್ಲ ಬಂದಿದ್ದರು. ಪರದೆಯ ಮೇಲೆ ಯಾಕುಮಿಸ್ ಕೆಮ್ಮಿದ, ಕೆಮ್ಮಿದ, ಕೆಮ್ಮುತ್ತಲೇ ಇದ್ದ. ಕಾಫಿ ಆರಿಹೋಯಿತು.

ದೀಪ ಹಾಕಿದಾಗ ಮುದುಕ ಹೆಂಡತಿ ಮರುಸೋಳತ್ತ ತಿರುಗಿದ. "ನಾನು ಇಷ್ಟೊಂದು ಕೆಮ್ತೀನಾ?"

"ಮೂವತ್ತು ವರ್ಷದಿಂದ ಪಕ್ಕದಲ್ಲಿ ಮಲ್ಗಿರೋಳು ನಾನು. ಕೇಳಿದ್ರೆ ಹೇಳ್ತಿದ್ದೆ."

ಅವನ ಕೋಪ ಅಲ್ಲೇ ಕೂತಿದ್ದ, ಊರ ಮಕ್ಕಳಿಗೆ ಕೆತ್ತನೆ ಕಲಿಸುವ ಶಿಲ್ಪಶಾಲೆಯ ಮೇಷ್ಟರ ಮೇಲೆ ಹೊರಳಿತು. "ನಾಳೆ ಬರ್ತೀನಿ. ಮುಖಕ್ಕೆ ಬಟ್ಟೆ ಕಟ್ದೇ ಕೆತ್ತೋರ ಕೈಯಿಂದ ಉಳಿ ಕಿತ್ಕೋತೀನಿ."

ಹೇಳಿದಂತೆ ಹೋದ. ಚಳಿಗಾಲ ಬರುವವರೆಗೂ ದಿನವೂ ಶಾಲೆಯ ಬಾಗಿಲಲ್ಲಿ ಕುರ್ಚಿ ಹಾಕಿ ಕೂತು ಗದರಿದ. ಮಕ್ಕಳ ಅಪ್ಪ ಅಮ್ಮಂದಿರ ಗಲಾಟೆಗೆ ಮಣಿದು ಶಾಲೆಯವರು ಧೂಳು ಹೀರುವ ಯಂತ್ರ ತರಿಸಿದ್ದು ವಸಂತದಲ್ಲಿ. ಅಷ್ಟರಲ್ಲಿ ಅವನು ಮಣ್ಣಿಗೆ ಸೇರಿ ಆರು ವಾರವಾಗಿತ್ತು.

ದ್ವೀಪಕ್ಕೆ ಬರುವ ಹಡಗಿನ ಟಿವಿಯಲ್ಲಿ ಆ ಹನ್ನೆರಡು ನಿಮಿಷ ಇವತ್ತಿಗೂ ಓಡುತ್ತದೆ. ಅರ್ಗಿರೋ ಪ್ರಯಾಣಿಸುವಾಗಲೆಲ್ಲ ಎದ್ದು ಹೋಗಿ ಟಿವಿ ಆರಿಸಿ ಬರುತ್ತಾಳೆ. ಹಡಗಿನವರು ಅವಳಿಗೆ ಎದುರಾಡುವುದಿಲ್ಲ. ಅವಳು ಇಳಿದ ಮೇಲೆ ಮತ್ತೆ ಹಾಕುತ್ತಾರೆ.