ಸಾರಿಸಿದ ಮೈದಾನ

ಬೆಳಿಗ್ಗೆ ಚಿತ್ರದುರ್ಗದ ನಮ್ಮ ಓಣಿಯಲ್ಲಿ ಯಾರೋ ಅಂಗಳಕ್ಕೆ ಸಗಣಿ ಸಾರಿಸಿದ್ದರು. ಎಲ್ಲರ ಮನೆ ಮುಂದೆಯೂ ಸಿಮೆಂಟು ಬಂದಿರುವಾಗ ಆ ವಾಸನೆ ಅಪರೂಪ. ನಿಮಗಾದರೆ ಹಬ್ಬ ನೆನಪಾಗುತ್ತದೇನೋ. ನನಗೆ ನೆನಪಾಗುವುದು ಖೊ ಖೊ.

ತೊಂಬತ್ತರ ದಶಕದ ಕೊನೆಗೆ ನಾನೊಂದು ಟಿವಿ ವಾಹಿನಿಯಲ್ಲಿ ನಿರ್ಮಾಪಕಿಯಾಗಿದ್ದೆ. ಆಟದೊಳಗಿನ ವಿಜ್ಞಾನ ತೋರಿಸುವ ಕಾರ್ಯಕ್ರಮ ಮಾಡಬೇಕೆಂಬ ಹುಚ್ಚು ಹತ್ತಿತ್ತು. ಹಿರಿಯೂರಿನಲ್ಲಿ ಓದುವಾಗ ನಾನು ಗೆದ್ದ ಏಕೈಕ ಪಂದ್ಯ ಚಮಚ-ನಿಂಬೆಹಣ್ಣಿನದು. ಭೌತಶಾಸ್ತ್ರದಲ್ಲಿ ಪಾಸಾದದ್ದು ದೇವರ ದಯೆ. ಇಷ್ಟೆಲ್ಲ ಅರ್ಹತೆ ಇಟ್ಟುಕೊಂಡು ನಾಡಿಗೆ ಎರಡನ್ನೂ ಕಲಿಸಲು ಹೊರಟಿದ್ದೆ. ನಮ್ಮ ಸಾಹೇಬರಿಗೆ ನಂಬಿಕೆಯಿರಲಿಲ್ಲ. “ಆಟ ಅಂದ್ರೆ ಜನ ಕೂತು ನೋಡ್ತಾರೆ, ಪಾಠ ಅಂದ್ರೆ ಎದ್ದು ಹೋಗ್ತಾರೆ. ಒಂದು ಕಂತು ಮಾಡಿ. ಜನ ಎದ್ದು ಹೋದ್ರೆ ಮತ್ತೆ ಈ ಮಾತು ಎತ್ತಬೇಡಿ” ಎಂದರು. ಕ್ಯಾಮೆರಾ ಸಿಕ್ಕಿದ್ದು ಒಂದೇ ದಿನಕ್ಕೆ.

ಹೊಸದುರ್ಗ ತಾಲ್ಲೂಕಿನ ಶ್ರೀರಾಂಪುರದ ಶಾಲೆಯೊಂದರ ಹುಡುಗಿಯರು ಖೊ ಖೊದಲ್ಲಿ ಪಾದರಸ ಎಂದು ಕೇಳಿದ್ದೆ. ಓಡುತ್ತ ಓಡುತ್ತ ಗಕ್ಕನೆ ಹೇಗೆ ತಿರುಗುತ್ತಾರೆ, ಅದನ್ನು ತೋರಿಸೋಣವೆಂದು ಹಾಳೆಗಟ್ಟಲೆ ಬರೆದುಕೊಂಡು ಹೋದೆ. ಹೋಗಿ ನೋಡಿದರೆ ಆಟದ ಅಂಕಣವೆಲ್ಲ ಹಸಿಹಸಿ, ಹಸಿರು ಹಸಿರು! ಅಂಚಿಗೆ ರಂಗೋಲಿ ಬೇರೆ. ಆಟದ ಮೇಷ್ಟ್ರು ಗಂಗಾಧರಪ್ಪ ಹೆಮ್ಮೆಯಿಂದ ಬರಮಾಡಿಕೊಂಡರು. “ಬರ್ರಿ ಮೇಡಂ. ಟಿವಿನೋರು ಬರ್ತಾರೆ ಅಂತ ಊರ ಹೆಣ್ಮಕ್ಕಳೆಲ್ಲ ಸೇರಿ ಕಣ ಸಾರ್ಸಿದಂಗೆ ಸಾರ್ಸವ್ರೆ. ನೆಂಟರು ಬಂದಾಗ ಧೂಳು ತೋರ್ಸಾಕಾಗ್ತೈತಾ?”

ಆಟ ಶುರುವಾಯಿತು. ಮೊದಲನೆಯವಳು ತಿರುಗಲು ಹೋಗಿ ಬಿದ್ದಳು. ಅವಳನ್ನು ಮುಟ್ಟಲು ಬಂದವಳು ಅವಳ ಮೇಲೆಯೇ ಬಿದ್ದಳು. ಹೊಸ ಲಂಗಗಳೆಲ್ಲ ಸಗಣಿಮಯ. ಸುತ್ತ ನಿಂತವರು ನಗಲೂ ಆಗದೆ ಸೆರಗು ಬಾಯಿಗಿಟ್ಟುಕೊಂಡರು. “ಮರ್ಯಾದೆ ಹೋತಲ್ರೀ!” ಎಂದು ಮೇಷ್ಟ್ರು ತಲೆಯ ಮೇಲೆ ಕೈಹೊತ್ತರು. ಹೋದದ್ದು ನನ್ನ ಕಾರ್ಯಕ್ರಮ ಎಂದು ನನಗನಿಸಿ ಅಳು ಬಂತು.

ತಂಡದ ನಾಯಕಿ ರತ್ನ ಮಾತ್ರ ಬಿದ್ದಲ್ಲೇ ಕೂತು ನೆಲಕ್ಕೆ ಪಾದ ಉಜ್ಜಿ ಉಜ್ಜಿ ನೋಡುತ್ತಿದ್ದಳು. “ಅದೇ ಕಾಲು, ಅದೇ ನೆಲ. ನಿನ್ನೆ ಹಿಡ್ಕಂತಿತ್ತು. ಇವತ್ತು ಯಾಕ್ರೀ ಮೇಡಂ ಬಿಟ್ಬಿಡ್ತೈತೆ?”

ನನ್ನ ಹಾಳೆಗಳಲ್ಲಿ ಎಲ್ಲಿಯೂ ಇಷ್ಟು ಒಳ್ಳೆಯ ಪ್ರಶ್ನೆ ಇರಲಿಲ್ಲ. ಅರ್ಧ ಅಂಕಣಕ್ಕೆ ಒಣಮಣ್ಣು ಹರಡಿಸಿದೆ, ಇನ್ನರ್ಧ ಹಾಗೇ ಬಿಟ್ಟೆ. ಇಲ್ಲಿ ಓಡಿ, ಅಲ್ಲಿ ಓಡಿ, ಬಿದ್ದು ಎದ್ದು, ನೆಲ ಕಾಲನ್ನು ಹಿಡಿದುಕೊಂಡರೆ ಮಾತ್ರ ನಾವು ತಿರುಗಬಲ್ಲೆವು ಎಂಬುದನ್ನು ಹುಡುಗಿಯರೇ ಕಂಡುಕೊಂಡು ಕ್ಯಾಮೆರಾಕ್ಕೆ ಹೇಳಿದರು. ಸಾರಿಸಿದ ಹೆಂಗಸರೂ ನಾಲ್ಕು ಹೆಜ್ಜೆ ಓಡಿ ನೋಡಿದರು.

ಪ್ರಸಾರದ ಸಂಜೆ ಜನ ಎದ್ದು ಹೋಗುತ್ತಾರೋ ಹೇಗೆ ಎಂದು ನೋಡಲು ಹೊಳಲ್ಕೆರೆಯ ಬಸ್ ನಿಲ್ದಾಣದೆದುರಿನ ಹೋಟೆಲಿಗೆ ಹೋಗಿ, ಟಿವಿಗೆ ಬೆನ್ನು ಹಾಕಿ, ಜನರಿಗೆ ಮುಖ ಮಾಡಿ ಕುಳಿತೆ. ಹುಡುಗಿಯರು ಬಿದ್ದಾಗ ಎಲ್ಲರೂ ಹೋ ಎಂದು ನಕ್ಕರು. ರತ್ನಳ ಪ್ರಶ್ನೆ ಬಂತು. ಅಷ್ಟರಲ್ಲಿ ಶಿವಮೊಗ್ಗದ ಬಸ್ಸೂ ಬಂತು. ಮುಂದಿನ ಮೇಜಿನ ಮನುಷ್ಯ ಎದ್ದುಬಿಟ್ಟ. ಮುಗಿಯಿತು ನನ್ನ ಕಾರ್ಯಕ್ರಮ ಎಂದುಕೊಂಡೆ. ಆತ ಲೋಟದ ನೀರನ್ನು ನೆಲಕ್ಕೆ ಚೆಲ್ಲಿ ಚಪ್ಪಲಿಯಿಂದ ಉಜ್ಜತೊಡಗಿದ.

“ಏನಪ್ಪ, ತಲೆ ಕೆಟ್ಟೈತಾ? ಬಸ್ ಬಂತು ನೋಡು!” ಎಂದರು ಹೋಟೆಲಿನವರು.

“ಇನ್ನೊಂದು ಬರ್ತೈತೆ. ಇರ್ರಿ, ನೋಡಾಣ.”

ಆಮೇಲೆ ವರ್ಷಗಟ್ಟಲೆ ಆ ಕಾರ್ಯಕ್ರಮ ಮಾಡಿದೆ. ಈಗ ಆ ಟೇಪುಗಳ ಮೇಲೆ ಬೇರೇನೋ ತುಂಬಿಸಿದ್ದಾರಂತೆ. ನನ್ನ ದುಡಿಮೆಯೇ ಅಳಿಸಿಹೋಯಿತೆಂದು ಬಹಳ ದಿನ ಕೊರಗಿದ್ದುಂಟು. ಹೋದ ವಾರ ಇಲ್ಲಿಯದೇ ಶಾಲೆಯವರು ವಿಜ್ಞಾನದ ಬಗ್ಗೆ ಭಾಷಣಕ್ಕೆ ಕರೆದಾಗ, ಮೊಣಕಾಲು ನೋವು, ಆಗುವುದಿಲ್ಲ ಎಂದಿದ್ದೆ. ಇದನ್ನು ಬರೆಯುತ್ತ ಬರೆಯುತ್ತ ಎದ್ದು ಅವರಿಗೆ ಫೋನ್ ಮಾಡಿದೆ. ಭಾಷಣ ಬೇಡ, ಮಕ್ಕಳನ್ನು ಬರಿಗಾಲಲ್ಲಿ ಮೈದಾನಕ್ಕೆ ಕರೆತನ್ನಿ, ಎರಡು ಕೊಡ ನೀರು ಇಟ್ಟಿರಿ ಎಂದೆ.