ಸಾರ್‌ಗೆ ಫೋನ್ ಕೊಡಮ್ಮ

ಪೀಪಿ ಹೋಗಿ ಒಂದು ತಿಂಗಳಾಗುತ್ತ ಬಂತು. ಆ ಹೆಸರು ಇಟ್ಟವನು ಅವಳ ಅಣ್ಣ. ಚಿಕ್ಕಂದಿನಲ್ಲಿ ಅವಳು ಬಾಯಿ ತೆರೆದರೆ ಆಟಿಕೆಯ ಪೀಪಿ ಊದಿದ ಹಾಗಿರುತ್ತಿತ್ತಂತೆ. ನಲವತ್ತು ದಾಟಿದರೂ ದನಿ ಹಾಗೇ ಉಳಿದಿತ್ತು: ತೆಳ್ಳಗೆ, ಎತ್ತರದಲ್ಲಿ, ಶಾಲೆಯ ಹುಡುಗಿ ಪಾಠ ಒಪ್ಪಿಸಿದಂತೆ. ಆಫೀಸಿನಲ್ಲಿ ಅವಳನ್ನು ಹಾಗೆ ಕರೆಯುವ ಹಕ್ಕು ನನಗೊಬ್ಬಳಿಗೇ ಇತ್ತು. ಈಗ ಕರೆದರೆ ತಿರುಗಿ ನೋಡುವವರಿಲ್ಲ, ಅದಕ್ಕೇ ಬರೆಯುತ್ತಿದ್ದೇನೆ.

ನಮ್ಮದು ಮೇಜು ಕುರ್ಚಿಗಳ ಅಂಗಡಿಯ ಮೇಲಿನ ಮಹಡಿಯಲ್ಲಿದ್ದ ಸಣ್ಣ ಕಂಪನಿ. ಅಂಗಡಿಯವರಿಗೆ, ಗೋದಾಮಿನವರಿಗೆ ದಾಸ್ತಾನಿನ ಲೆಕ್ಕ ಇಡುವ ಸಾಫ್ಟ್‌ವೇರ್ ಮಾಡಿಕೊಡುತ್ತಿದ್ದೆವು. ಕೆಳಗಿನಿಂದ ಸದಾ ವಾರ್ನಿಶ್ ವಾಸನೆ ಬರುತ್ತಿತ್ತು. ನಾನು ಸಾಫ್ಟ್‌ವೇರಿನ ಕೈಪಿಡಿ ಬರೆಯುವವಳು. ಅದನ್ನು ಯಾರೂ ಓದುತ್ತಿರಲಿಲ್ಲ. ಓದದವರೆಲ್ಲ ಫೋನ್ ಮಾಡುತ್ತಿದ್ದರು, ಆ ಫೋನ್ ಎತ್ತುವವಳು ಪೀಪಿ. ಅವಳು ಪ್ರೋಗ್ರಾಮಿಂಗ್ ಕಲಿತು, ಅದೇ ಕೆಲಸ ಕೇಳಿಕೊಂಡು ಬಂದವಳು. ಹೆಂಗಸರಿಗೆ ತಾಳ್ಮೆ ಜಾಸ್ತಿ ಎಂದು ಕಂಪನಿಯ ಯಜಮಾನರು ಅವಳನ್ನು ಫೋನಿನ ಮುಂದೆ ಕೂರಿಸಿದರು. ಗಿರಾಕಿಗಳ ಜಾಗಕ್ಕೆ ಹೋಗಿ ಯಂತ್ರ ಬಿಚ್ಚುವುದು ಗಂಡಸರ ಪಾಲು. ತನ್ನ ತಾಳ್ಮೆಯ ವಿಷಯ ತನ್ನ ಗಂಡನನ್ನು ಒಂದು ಮಾತು ಕೇಳಿದ್ದರೆ ಯಜಮಾನರು ಹಾಗೆ ಮಾಡುತ್ತಿರಲಿಲ್ಲ ಎಂದು ಅವಳು ನಗುತ್ತಿದ್ದಳು.

ಅವಳಿಗೆ ಬರುತ್ತಿದ್ದ ಫೋನುಗಳಲ್ಲಿ ಅರ್ಧಕ್ಕರ್ಧ ಒಂದೇ ಮಾತಿನಿಂದ ಶುರುವಾಗುತ್ತಿದ್ದವು: "ಸಾರ್‌ಗೆ ಫೋನ್ ಕೊಡಮ್ಮ." ಇಲ್ಲಿ ಸಾರ್ ಯಾರೂ ಇಲ್ಲ, ನನಗೇ ಹೇಳಿ ಎಂದರೆ, ಸಾರ್ ಯಾವಾಗ ಬರುತ್ತಾರೆ ಎಂದು ಕೇಳುತ್ತಿದ್ದರು. ಒಬ್ಬರಂತೂ, ಆಟ ಆಡಬೇಡ ಮಗು, ಅಪ್ಪನಿಗೆ ಕೊಡು ಎಂದಿದ್ದರು. ಅಷ್ಟು ಹೊತ್ತಿಗೆ ಅವಳ ಮಗಳು ಹೈಸ್ಕೂಲಿನಲ್ಲಿದ್ದಳು.

ಬಿಲ್ಲು ಕಳಿಸುವ ಗುಮಾಸ್ತ ಅವಳ ಪಕ್ಕದ ಮೇಜಿನಲ್ಲಿ ಕೂರುತ್ತಿದ್ದ. ನಮಗಿಂತ ಚಿಕ್ಕವನು, ಒಣಕಲು ಮೈ, ಆದರೆ ದನಿ ಎಂಥದ್ದೆಂದರೆ ಗುಡ್ ಮಾರ್ನಿಂಗ್ ಅಂದರೂ ಮೇಜಿನ ಮೇಲಿನ ಲೋಟ ಅದುರಬೇಕು. ಎಲ್ಲರೂ ಅವನನ್ನು ಗುಡುಗು ಎನ್ನುತ್ತಿದ್ದೆವು. ಒಂದು ದಿನ ಸಾರ್ ಬೇಕೇ ಬೇಕೆಂದು ಹಟ ಹಿಡಿದವರೊಬ್ಬರ ಫೋನನ್ನು ಪೀಪಿ ಅವನ ಕೈಗೆ ತುರುಕಿದಳು. ಅವನ ಕಿವಿಯ ಹತ್ತಿರ ಬಗ್ಗಿ ಪಿಸುಗುಟ್ಟಿದಳು, ಅವನು ಅದನ್ನೇ ಗುಡುಗಿದ. ಹತ್ತು ನಿಮಿಷ ಎಳೆಯಬೇಕಾದ್ದು ಎರಡೇ ನಿಮಿಷದಲ್ಲಿ ಮುಗಿಯಿತು. ತಮಾಷೆಗೆಂದು ಮಾಡಿದ್ದು ಹಾಗೇ ಅಭ್ಯಾಸವಾಗಿಬಿಟ್ಟಿತು. ಗುಡುಗಿಗೆ ಕಂಪ್ಯೂಟರಿನ ಗಂಧಗಾಳಿ ಇರಲಿಲ್ಲ. ಕಿವಿಗೆ ಬಿದ್ದದ್ದನ್ನೆಲ್ಲ ಒಪ್ಪಿಸುತ್ತಿದ್ದ. ಒಮ್ಮೆ ಅವಳು ನಡುವೆ ನನ್ನ ಕಡೆ ತಿರುಗಿ, ಗಂಟಲು ಒಣಗಿತು, ಸ್ವಲ್ಪ ನೀರು ಹಾಕು ಎಂದಳು. "ಸ್ವಲ್ಪ ನೀರು ಹಾಕಿ" ಎಂದು ಅವನು ಗಂಭೀರವಾಗಿ ಗಿರಾಕಿಗೆ ಹೇಳಿದ. ಕಂಪ್ಯೂಟರಿಗಾ ಸಾರ್ ಎಂದು ಆ ಕಡೆಯವರು ಅಷ್ಟೇ ಗಂಭೀರವಾಗಿ ಕೇಳಿದರು. ನಾವು ನಕ್ಕು ನಕ್ಕು ಮೇಜಿನ ಮೇಲೆ ತಲೆಯಿಟ್ಟೆವು.

ಆ ನಗುವಿಗೆ ಏನು ಬೆಲೆ ಎಂಬುದು ಒಂದು ವರ್ಷದ ಮೇಲೆ ತಿಳಿಯಿತು. ಫೋನಿನ ಕೆಲಸಕ್ಕೆ ಬೇರೆ ವಿಭಾಗವನ್ನೇ ಮಾಡಿ, ಅದಕ್ಕೊಬ್ಬರು ಮುಖ್ಯಸ್ಥರು ಬೇಕೆಂದು ಯಜಮಾನರು ತೀರ್ಮಾನಿಸಿದರು. ಮುಖ್ಯಸ್ಥರಾದವರು ಗಿರಾಕಿಗಳ ಜಾಗಕ್ಕೆ ಹೋಗಬಹುದು, ಸಾಫ್ಟ್‌ವೇರಿನಲ್ಲಿ ಏನು ಬದಲಾಗಬೇಕೆಂದು ಹೇಳಬಹುದು. ಪೀಪಿ ಬಯಸಿ ಬಂದದ್ದು ಅದನ್ನೇ. ಆ ಕುರ್ಚಿ ತನಗೆ ಬರುತ್ತದೆಂದು ಅವಳು ನಂಬಿದ್ದಳು, ನಾವೆಲ್ಲ ನಂಬಿದ್ದೆವು. ಯಜಮಾನರು ಹೇಳಿದ್ದು ಗುಡುಗಿನ ಹೆಸರು. ಗಿರಾಕಿಗಳೆಲ್ಲ ಆ ಗಟ್ಟಿ ದನಿಯ ಸಾರ್ ಅವರನ್ನು ಬಾಯ್ತುಂಬ ಹೊಗಳುತ್ತಿದ್ದರಂತೆ. ಗುಡುಗಿನ ಮುಖ ಬಿಳಿಚಿಹೋಯಿತು.

ಪೀಪಿ ಒಳಗೆ ಹೋಗಿ ನಡೆದದ್ದನ್ನೆಲ್ಲ ಬಿಡಿಸಿ ಹೇಳಿದಳು. ಯಜಮಾನರಿಗೆ ಆಶ್ಚರ್ಯವೇನೂ ಆಗಲಿಲ್ಲವಂತೆ. ಕೆಲಸ ನಿಮಗೆ ಗೊತ್ತು, ದನಿ ಅವನಿಗಿದೆ, ಇಬ್ಬರೂ ಹೀಗೇ ಹೊಂದಿಕೊಂಡು ಹೋದರೆ ನಷ್ಟ ಯಾರಿಗೆ ಎಂದರಂತೆ. ಮನೆ, ಮಗಳು ಇರುವವರಿಗೆ ಊರೂರು ಸುತ್ತುವ ತಲೆನೋವು ಬೇರೆ ಯಾಕೆ ಎಂದೂ ಕೇಳಿದರಂತೆ.

ಹೊರಗೆ ಬಂದವಳು ಅಳಲಿಲ್ಲ, ಕೂಗಾಡಲೂ ಇಲ್ಲ. ಕುರ್ಚಿಯನ್ನು ಗುಡುಗಿನ ಮೇಜಿನಿಂದ ದೂರಕ್ಕೆ ಎಳೆದುಕೊಂಡಳು.

"ತಪ್ಪು ನಂದೇ ಕಣೋ," ಎಂದಳು ಅವನಿಗೆ. "ನನ್ನ ಮಾತಿಗೆ ನಿನ್ನ ಬಾಯಿ ಬಾಡಿಗೆಗೆ ತಗೊಂಡೆ. ನಾಳೆಯಿಂದ ನನ್ನ ಮಾತು ನಾನೇ ಆಡ್ತೀನಿ."

"ನನ್ನನ್ನ ಕೇಳಿದ್ರೆ ಏನು ಹೇಳ್ಲಿ ಅಕ್ಕಾ?"

"ಗೊತ್ತಿರೋದು ಹೇಳು."

ಆಮೇಲಿನ ದಿನಗಳು ಸುಲಭವಾಗಿರಲಿಲ್ಲ. ಯಾರು ಸಾರ್ ಬೇಕೆಂದರೂ ಅವಳದು ಒಂದೇ ಉತ್ತರ: "ಇಲ್ಲಿ ಈ ಕೆಲಸ ಮಾಡೋಳು ನಾನೇ. ಹೇಳಿ, ಪರದೆ ಮೇಲೆ ಏನು ಕಾಣ್ತಿದೆ?" ದನಿ ಏರಿಸುತ್ತಿರಲಿಲ್ಲ, ದಪ್ಪ ಮಾಡಿಕೊಳ್ಳಲೂ ಹೋಗುತ್ತಿರಲಿಲ್ಲ. ಕೆಲವರು ಫೋನ್ ಕುಕ್ಕುತ್ತಿದ್ದರು. ಅವರಾಗಿ ಮತ್ತೆ ಮಾಡುವವರೆಗೆ ಅವಳು ಕಾಯುತ್ತಿದ್ದಳು, ಮಾಡಿದಾಗ ಮೊದಲ ಸಲದಂತೆಯೇ ಅದೇ ಮಾತು ಹೇಳುತ್ತಿದ್ದಳು. ಕೆಲವರು ಹೊಸ ಮುಖ್ಯಸ್ಥನನ್ನೇ ಹಿಡಿಯುತ್ತಿದ್ದರು. "ನನಗೆ ಗೊತ್ತಿಲ್ಲ, ಅವರನ್ನೇ ಕೇಳಿ" ಎಂದು ಅವನು ಇಡೀ ಮಹಡಿಗೆ ಕೇಳುವಂತೆ ಗುಡುಗುತ್ತಿದ್ದ. ದೂರುಗಳು ಬಂದವು. ಯಜಮಾನರು ಅವಳನ್ನು ಎರಡು ಸಲ ಕರೆಸಿ, ನಿಮ್ಮ ಹಟಕ್ಕೆ ಗಿರಾಕಿಗಳು ಕೈಬಿಟ್ಟು ಹೋಗುತ್ತಾರೆ ಎಂದರು. ಬಿಟ್ಟುಬಿಡೆ, ಎಷ್ಟು ಜನರ ಹತ್ತಿರ ಗುದ್ದಾಡುತ್ತೀ ಎಂದು ನಾನೇ ಒಂದು ಮಧ್ಯಾಹ್ನ ಡಬ್ಬಿ ತೊಳೆಯುತ್ತ ಕೇಳಿದೆ. ಗುದ್ದಾಟ ಎಲ್ಲಿ ಬಂತು, ಫೋನ್ ಎತ್ತಿ ಉತ್ತರ ಕೊಡುತ್ತಿದ್ದೇನೆ ಅಷ್ಟೆ ಎಂದಳು.

ಗಿರಾಕಿಗಳಲ್ಲಿ ಎಲ್ಲರಿಗಿಂತ ಮೊಂಡರು ಔಷಧಿಯ ಸಗಟು ವ್ಯಾಪಾರಿ. ಒಂದು ಬೆಳಿಗ್ಗೆ ಅವರು ಮೇಲಿಂದ ಮೇಲೆ ಫೋನ್ ಮಾಡಿ, ಪೀಪಿಯ ದನಿ ಕೇಳಿದೊಡನೆ ಇಟ್ಟರು. ಕೊನೆಗೆ ಏದುಸಿರು ಬಿಡುತ್ತ ತಾವೇ ಮೆಟ್ಟಿಲು ಹತ್ತಿ ಬಂದರು. ಅವರ ಗೋದಾಮಿನಲ್ಲಿದ್ದ ಔಷಧಿಯೆಲ್ಲ ಅವಧಿ ಮೀರಿದೆ ಎಂದು ಕಂಪ್ಯೂಟರ್ ಹೇಳುತ್ತಿತ್ತು, ಒಂದು ಡಬ್ಬಿಯೂ ಹೊರಗೆ ಹೋಗುವಂತಿರಲಿಲ್ಲ. ಬಂದವರೇ ಸಾರ್ ಎಲ್ಲಿ ಎಂದರು. ಗುಡುಗು ಎದ್ದು ನಿಂತು ನಮಸ್ಕಾರ ಹೇಳಿದ. ದನಿ ಗುರುತು ಹತ್ತಿ ಅವರ ಮುಖ ಅರಳಿತು. ಅವನು ಪೀಪಿಯ ಕಡೆ ಕೈ ತೋರಿಸಿದ.

"ನಾನು ಕೇಳ್ತಿರೋದು ನಿಮ್ಮನ್ನ," ಎಂದರು ವ್ಯಾಪಾರಿ.

"ಅವತ್ತೂ ಅವರೇ ಹೇಳಿದ್ದು ಸಾರ್. ನನ್ನದು ಬರೀ ಗಂಟಲು."

ವ್ಯಾಪಾರಿ ನಿಂತೇ ಇದ್ದರು. ಪೀಪಿ ಪಕ್ಕದ ಕುರ್ಚಿಯ ಮೇಲಿದ್ದ ತನ್ನ ಚೀಲ ತೆಗೆದು ಜಾಗ ಮಾಡಿಕೊಟ್ಟಳು. ಗೋದಾಮಿಗೆ ಫೋನ್ ಹಚ್ಚಿ, ನಾನು ಹೇಳಿದ್ದನ್ನು ನಿಮ್ಮ ಹುಡುಗನಿಗೆ ಹೇಳಿ ಎಂದಳು. ಬೇರೆ ದಾರಿಯಿರಲಿಲ್ಲ, ಕೂತರು. ಅವಳು ಹೇಳುತ್ತ ಹೋದಳು, ಅವರು ಅದನ್ನೇ ಫೋನಿಗೆ ಹೇಳುತ್ತ ಹೋದರು. ಗುಡುಗು ನನ್ನ ಮುಖ ನೋಡಿದ, ನಾನು ಕೈಪಿಡಿಯೊಳಗೆ ಮುಖ ಹುದುಗಿಸಿಕೊಂಡೆ. ಗೋದಾಮಿನಲ್ಲಿ ಯಾರೋ ಕಂಪ್ಯೂಟರಿನ ತಾರೀಖಿಗೆ ಕೈಹಾಕಿ ಎರಡು ವರ್ಷ ಮುಂದಕ್ಕೆ ಹಾಕಿದ್ದರು. ತಾರೀಖು ತಿದ್ದುವುದಕ್ಕೆ ಹೊತ್ತು ಹಿಡಿಯಲಿಲ್ಲ. ಕಂಪ್ಯೂಟರ್ ತಾನಾಗಿ ಹೊರಗಿಟ್ಟಿದ್ದ ಮಾಲನ್ನೆಲ್ಲ ಮತ್ತೆ ದಾಸ್ತಾನಿಗೆ ಸೇರಿಸುವುದಕ್ಕೆ ಮಧ್ಯಾಹ್ನವಾಯಿತು. ಅಷ್ಟು ಹೊತ್ತೂ ವ್ಯಾಪಾರಿ ಏಳಲಿಲ್ಲ. ಹೊರಡುವಾಗ, ಹಾಗಾದರೆ ಆ ಸಾರ್ ಇಲ್ಲಿ ಏನು ಮಾಡುತ್ತಾರೆ ಎಂದು ಕೇಳಿದರು.

"ನಿಮಗೆ ಬಿಲ್ ಕಳಿಸ್ತಾರೆ," ಎಂದಳು ಪೀಪಿ.

ಅಷ್ಟಕ್ಕೇ ಎಲ್ಲ ಸರಿಹೋಯಿತೆಂದು ಬರೆದರೆ ಅವಳು ಒಪ್ಪಳು. ಮರುದಿನವೂ ಫೋನುಗಳು ಸಾರ್ ಸಾರ್ ಎನ್ನುತ್ತಲೇ ಇದ್ದವು. ಆದರೆ ಕೆಲವು ತಿಂಗಳ ಮೇಲೆ ಆ ವ್ಯಾಪಾರಿ ತಮ್ಮ ಎಲ್ಲ ಗೋದಾಮುಗಳಿಗೂ ಹೊಸ ವ್ಯವಸ್ಥೆ ಹಾಕಿಸಲು ಹೊರಟರು, ಕೆಲಸಕ್ಕೆ ಆ ಸಣ್ಣ ದನಿಯ ಅಮ್ಮನನ್ನೇ ಕಳಿಸಿ ಎಂದರು. ಯಜಮಾನರು ಅವಳನ್ನು ಕರೆದು ಹೋಗಿಬನ್ನಿ ಎಂದರು. ಮುಖ್ಯಸ್ಥೆ ಎಂದು ಬರೆದುಕೊಟ್ಟರೆ ಹೋಗುತ್ತೇನೆ, ಫೋನಿನವಳಾಗಿ ಹೋಗುವುದಿಲ್ಲ ಎಂದಳು. ಒಂದು ವಾರ ಅವರು ಮುಖ ಊದಿಸಿಕೊಂಡು ಓಡಾಡಿದರು. ಅವಳು ತನ್ನ ಪಾಡಿಗೆ ಫೋನ್ ಎತ್ತುತ್ತಿದ್ದಳು. ಕೊನೆಗೆ ಬರೆದುಕೊಟ್ಟರು. ಗುಡುಗು ತನ್ನ ಬಿಲ್ಲುಗಳಿಗೆ ಮರಳಿ, ಎಷ್ಟೋ ದಿನದ ಮೇಲೆ ಹೊಟ್ಟೆತುಂಬ ಊಟ ಮಾಡಿದೆ ಎಂದ.

ಮುಖ್ಯಸ್ಥೆಯಾದ ಮೇಲೆ ಅವಳು ಮಾಡಿದ ಮೊದಲ ಕೆಲಸಕ್ಕೆ ಗಂಡಸರು ಗೊಣಗಿದರು. ಹೊಸದಾಗಿ ಬಂದವರು ಗಂಡಾಗಲಿ ಹೆಣ್ಣಾಗಲಿ ಫೋನಿನ ಮುಂದೆಯೂ ಕೂರಬೇಕು, ಗಿರಾಕಿಗಳ ಜಾಗಕ್ಕೂ ಹೋಗಬೇಕು. ಯಂತ್ರ ಬಿಚ್ಚಿ ಮಸಿ ಮೆತ್ತಿಕೊಂಡ ಹುಡುಗಿಯರು ಆಮೇಲಾಮೇಲೆ ನಮ್ಮಲ್ಲಿ ಸಾಮಾನ್ಯವಾದರು. ಕೆಲಸ ಮಾಡಿದವರೇ ಅದನ್ನು ಗಿರಾಕಿಗೆ ತಿಳಿಸಬೇಕು, ಇನ್ನೊಬ್ಬರ ಬಾಯಲ್ಲಿ ಹೇಳಿಸುವಂತಿಲ್ಲ ಎಂಬುದು ಎರಡನೆಯ ನಿಯಮ. ಹೊಟ್ಟೆಯ ಕಾಯಿಲೆ ಇದೆಯೆಂದು ಗೊತ್ತಾದ ಮೇಲೂ ಅವಳು ಆಫೀಸಿಗೆ ಬರುತ್ತಲೇ ಇದ್ದಳು. ಆಸ್ಪತ್ರೆಯಲ್ಲಿ ಅವಳನ್ನು ಬಿಟ್ಟು ಗಂಡನೊಡನೆ ಮಾತಾಡಲು ಹೋದ ಡಾಕ್ಟರಿಗೆ, ಹೊಟ್ಟೆ ನನ್ನದು, ನನಗೇ ಹೇಳಿ ಎಂದಳಂತೆ. ಇದನ್ನು ಅವಳ ಗಂಡ ನನಗೆ ನಗುತ್ತಲೇ ಹೇಳಿದರು. ಆಮೇಲೆ ಗೋಡೆಯ ಕಡೆ ತಿರುಗಿ ನಿಂತರು.

ಕಳೆದ ವಾರ ಆಫೀಸಿನಲ್ಲಿ ಅವಳ ನೆನಪಿಗೆಂದು ಸೇರಿದ್ದೆವು. ಗುಡುಗು ಮಾತಾಡಲಿ ಎಂದರು ಎಲ್ಲರೂ. ದನಿ ಇರುವವನು ಅವನೇ ತಾನೆ. ಅವನು ಎದ್ದು ನಿಂತ.

"ಒಂದು ವರ್ಷ ಅಕ್ಕನ ಮಾತು ನಾನು ಆಡಿದ್ದೆ," ಎಂದ. ದನಿ ಇಷ್ಟೇ ಇಷ್ಟು ಬಂತು. "ಇವತ್ತು ಪಕ್ಕದಲ್ಲಿ ಹೇಳಿಕೊಡೋಕೆ ಯಾರೂ ಇಲ್ಲ."

ಕೂತುಬಿಟ್ಟ. ಆಗಲೇ ಫೋನ್ ಹೊಡೆದುಕೊಳ್ಳಲು ಶುರುವಾಯಿತು. ಈ ಹೊತ್ತಿನಲ್ಲಿ ಎತ್ತಬೇಕೋ ಬೇಡವೋ ಎಂದು ನಾವು ಮುಖ ಮುಖ ನೋಡಿಕೊಂಡೆವು. ಹೋದ ವರ್ಷ ಪೀಪಿಯೇ ಆರಿಸಿ ತೆಗೆದುಕೊಂಡಿದ್ದ ಹುಡುಗಿ ಮೂಗು ಒರೆಸಿಕೊಂಡು ಎದ್ದು ಹೋದಳು. ಆ ಕಡೆಯವರು ಕೇಳಿದ್ದು ನಮಗೆ ಕೇಳಿಸಲಿಲ್ಲ, ಅವಳ ಉತ್ತರ ಕೇಳಿಸಿತು.

"ಇಲ್ಲಿ ಈ ಕೆಲಸ ಮಾಡೋಳು ನಾನೇ. ಹೇಳಿ, ಪರದೆ ಮೇಲೆ ಏನು ಕಾಣ್ತಿದೆ?"