ನಾಗಶ್ರೀ ಕೊಂಡ ಅಗಲದ ಲೆನ್ಸ್

ಕೊಟ್ಟಿಗೆಹಾರದ ಬೇಕರಿಯೊಂದರ ಮಹಡಿಯಲ್ಲಿ ಪುಟ್ಟ ಸ್ಟುಡಿಯೋ ಇಟ್ಟುಕೊಂಡಿರುವ ನಾಗಶ್ರೀಗೆ ಕೋಪ ಮೂಗಿನ ತುದಿಯಲ್ಲೇ ಇರುತ್ತದೆ ಎಂದು ಊರೆಲ್ಲ ಹೇಳುತ್ತದೆ. ಹೇಳಲಿ. ಮದುವೆಗೆ ಕರೆದವರೇ 'ಫೋಟೋ ತೆಗೆಯೋಕೆ ಗಂಡಸರು ಯಾರೂ ಬರಲ್ವಾ?' ಎಂದು ಕೇಳಿದರೆ ಯಾರಿಗೆ ತಾನೆ ಮೈ ಉರಿಯುವುದಿಲ್ಲ? ಆದರೆ ಅವಳ ನಿಜವಾದ ಸಿಟ್ಟು ಇರುವುದು ಸ್ಟುಡಿಯೋದ ಗೋಡೆಯಲ್ಲಿ ತೂಗುವ ಒಂದು ಫೋಟೋದ ಮೇಲೆ.

ಅದು ಅವಳ ಅಕ್ಕ ಮೋನಿಕಾಳ ಮದುವೆಯದು. ಕಾಫಿ ತೋಟದ ಕೂಲಿಯವರ ಸಾಲುಮನೆಗಳ ಲೈನಿನಲ್ಲಿ ಅವರ ಮನೆ. ಒಂದು ಕೋಣೆ, ಒಂದು ಅಡುಗೆಮನೆ, ಅಂಗೈಯಗಲದ ಕಿಟಕಿ. ಆ ಲೈನಿನಲ್ಲಿ ಯಾರ ಮನೆಯಲ್ಲಿ ಮದುವೆಯಾದರೂ ತೋಟದ ಸಾಹುಕಾರರು ಬಂದು ಕುರ್ಚಿಯಲ್ಲಿ ಕೂತ ಮೇಲೆಯೇ ಗ್ರೂಪ್ ಫೋಟೋ. ಕುರ್ಚಿ ನಟ್ಟನಡುವೆ. ಅದರ ಅಕ್ಕಪಕ್ಕ ಮದುಮಕ್ಕಳು. ಹೆತ್ತವರು ಜಾಗ ಮಿಕ್ಕಿದರೆ. ಕೂಲಿಯಾಳುಗಳ ಹಾಜರಿ ಬರೆಯುವ ರೈಟರ್ ಪ್ರಶಾಂತ್ ಅಂದು "ನಿಂಗಯ್ಯ, ಸ್ವಲ್ಪ ಆ ಕಡೆ ಸರಿ ಮಾರಾಯ" ಎಂದು ಮದುಮಗಳ ಅಪ್ಪನನ್ನೇ ಸರಿಸಿದ್ದ. ನಿಂಗಯ್ಯ ಸರಿದ. ಆ ಒಂದೇ ಕೋಣೆಯಲ್ಲಿ ಫೋಟೋದವನು ಗೋಡೆಗೆ ಬೆನ್ನು ಹಚ್ಚಿ ನಿಂತರೂ ಅವನ ಲೆನ್ಸಿಗೆ ಎಲ್ಲರೂ ಹಿಡಿಸಲಿಲ್ಲ. ಹೀಗಾಗಿ ಸಾಹುಕಾರ ಚಂದ್ರಶೇಖರ ಅವರು ಕಾಲ ಮೇಲೆ ಕಾಲು ಹಾಕಿಕೊಂಡು ಪೂರ್ತಿ ಬಂದಿದ್ದಾರೆ, ನಿಂಗಯ್ಯ ಬಂದಿರುವುದು ಒಂದು ಭುಜ, ಒಂದು ತೋಳು ಮಾತ್ರ.

ಮರುವರ್ಷ ನಿಂಗಯ್ಯ ತೀರಿಕೊಂಡ. ಗೋಡೆಗೆ ಹಾಕಲು ಫೋಟೋ ಹುಡುಕಿದರೆ ಆಧಾರ್ ಕಾರ್ಡಿನದು ಬಿಟ್ಟು ಇನ್ನೊಂದಿಲ್ಲ. ಆ ಮುಖವನ್ನು ಹೆಂಡತಿ ಯಲ್ಲಮ್ಮನೇ ಗುರುತು ಹಿಡಿಯಲಿಲ್ಲ. ನಾಗಶ್ರೀ ಕ್ಯಾಮೆರಾ ಕೈಗೆತ್ತಿಕೊಂಡದ್ದು ಆ ಸಂಕಟದಿಂದ. ಸ್ಟುಡಿಯೋಗೆ ಬಂದವರು ಗೋಡೆ ನೋಡಿ ಇವರು ಯಾರು ಎಂದು ಕೇಳಿದರೆ, ಅವಳು ಕುರ್ಚಿಯವರನ್ನು ಬಿಟ್ಟು ಅಂಚಿನ ಬಿಳಿ ಅಂಗಿಯ ತೋಳನ್ನು ಮುಟ್ಟಿ "ಇವ್ರು ನಮ್ಮಪ್ಪ" ಎನ್ನುತ್ತಾಳೆ.

ಈ ವರ್ಷ ತಮ್ಮ ರಾಜೇಶನ ಮದುವೆ ಗೊತ್ತಾಯಿತು. ಹೆಣ್ಣನ್ನು ಮನೆ ತುಂಬಿಸಿಕೊಳ್ಳುವುದು ಅದೇ ಲೈನ್ ಮನೆಯಲ್ಲಿ. ಅವ್ವ ಈ ಸಲ ಪೂರ್ತಿಯಾಗಿ, ಆ ಮನೆಯ ಸಮೇತ, ಫೋಟೋದಲ್ಲಿ ಇರಲೇಬೇಕೆಂದು ನಾಗಶ್ರೀ ಹಟ ಹಿಡಿದಳು. ಅವಳ ಮಿರರ್‌ಲೆಸ್ ಕ್ಯಾಮೆರಾದ ಜೊತೆ ಬಂದಿದ್ದ ಲೆನ್ಸು ಆ ಕೋಣೆಯ ಮಬ್ಬಿನಲ್ಲಿ ರವೆ ಚೆಲ್ಲಿದಂಥ ಚಿತ್ರ ಕೊಡುತ್ತಿತ್ತು. ಫ್ಲ್ಯಾಶ್ ಹಾಕಿದರೆ ಮುಂದಿನವರ ಮುಖಕ್ಕೆ ಸುಣ್ಣ, ಹಿಂದಿನವರಿಗೆ ಕತ್ತಲೆ.

ಇಕ್ಕಟ್ಟಿನಲ್ಲೂ ಎಲ್ಲರನ್ನೂ ಹಿಡಿಸುವ ಅಗಲದ ಲೆನ್ಸ್ ಕೇಳಿದರೆ ಚಿಕ್ಕಮಗಳೂರಿನ ಅಂಗಡಿಯವನು ಬೇರೆಯದನ್ನೇ ತೆಗೆದಿಟ್ಟ. "ಈ ಪೋರ್ಟ್ರೇಟ್ ಲೆನ್ಸ್ ತಗೊಳ್ಳಿ ಮೇಡಂ. ಮದುವೆಯವ್ರೆಲ್ಲ ಇದನ್ನೇ ಕೇಳೋದು. ಹಿಂದಿರೋದೆಲ್ಲ ಬೆಣ್ಣೆ ಹಾಗೆ ಕರಗಿಹೋಗುತ್ತೆ."

"ಹಿಂದಿರೋದು ನಮ್ಮನೆ," ಎಂದಳು ನಾಗಶ್ರೀ. "ಅದ್ಯಾಕೆ ಕರಗ್ಬೇಕು? ಇದ್ರಲ್ಲಿ ಎಲ್ರನ್ನೂ ಹಿಡಿಸ್ಬೇಕಂದ್ರೆ ನಾನು ಗೋಡೆ ಒಡ್ದು ಪಕ್ಕದ ಮನೇಲಿ ನಿಂತ್ಕೋಬೇಕು."

ಆಮೇಲೆ ಅಗಲದ ಝೂಮ್ ಬಂತು; ಅಗಲವೇನೋ ಇತ್ತು, ಕತ್ತಲಲ್ಲಿ ಕುರುಡು. ಕೊನೆಗೆ ಅವನು ಗೊಣಗುತ್ತ ಹದಿನಾರು ಎಂಎಂ ಪ್ರೈಮ್ ತಂದ. ಝೂಮ್ ಆಗದು, ಆದರೆ ಒಂದು ಪಾಯಿಂಟ್ ನಾಲ್ಕರವರೆಗೆ ಕಣ್ಣರಳಿಸಿ ಇದ್ದಬದ್ದ ಬೆಳಕನ್ನೆಲ್ಲ ಒಳಗೆಳೆಯುತ್ತದೆ. ನಾಗಶ್ರೀ ಅಂಗಡಿಯ ಹಿಂದಿನ ಗೋದಾಮಿಗೆ ಹೋಗಿ, ದೀಪ ಆರಿಸಿ, ಬಾಗಿಲ ಸಂದಿಯ ಬೆಳಕಿನಲ್ಲೇ ಕ್ಲಿಕ್ಕಿಸಿದಳು. ಮೂಲೆಯ ಪೊರಕೆಯ ಕಡ್ಡಿಗಳೂ ಕಂಡವು.

"ಇದೇ ಇರ್ಲಿ."

"ಒಂದು ಮಾತು ಮೇಡಂ. ಇದ್ರಲ್ಲಿ ಅಂಚಿಗೆ ನಿಂತವ್ರು ಎಳೆದ ಹಾಗೆ ಬರ್ತಾರೆ. ದೊಡ್ಡವ್ರನ್ನ ಮಧ್ಯ ಕೂರಿಸ್ಬಿಡಿ."

ಮನೆ ತುಂಬಿಸುವ ದಿನ ಸಾಹುಕಾರರು ಬಂದರು. ಕುರ್ಚಿ ನಡುವಿಗೆ ಬಂತು. ಯಲ್ಲಮ್ಮ ಯಾರೂ ಹೇಳದೆಯೇ ಗೋಡೆಯ ಮೂಲೆಗೆ ಸರಿದು ಸೆರಗು ಹೊದ್ದು ನಿಂತಳು. ನಾಗಶ್ರೀಗೆ ರೇಗಿಹೋಯಿತು. ಸಾಹುಕಾರರ ಮೇಲಲ್ಲ, ಅವ್ವನ ಮೇಲೆ.

"ಅವ್ವ, ನಡುವೆ ಬಾ."

"ಗಂಡ ಇಲ್ಲದೋಳು ನಾನ್ಯಾಕೆ ಮಗಾ ನಡುವೆ? ನಂಗೆ ಇಲ್ಲೇ ಆತು."

"ಇಲ್ಲೇ ಆತು, ಇಲ್ಲೇ ಆತು ಅಂತಾನೇ ಅಪ್ಪ ತೋಳಷ್ಟೇ ಉಳಿದಿದ್ದು!" ನಾಗಶ್ರೀ ಕ್ಯಾಮೆರಾ ಕೆಳಗಿಳಿಸಿದಳು. "ನೀನು ಬರೋ ತನಕ ನಾ ಫೋಟೋ ತೆಗೆಯಲ್ಲ. ಸಾರ್, ಕುರ್ಚಿ ಸ್ವಲ್ಪ ಆ ಕಡೆ."

ಚಂದ್ರಶೇಖರ ಅವರು ಒಂದು ಗಳಿಗೆ ಅವಳ ಮುಖ ನೋಡಿದರು. ಆಮೇಲೆ ಎದ್ದು "ಮಗನ ಮದುವೆ. ತಾಯಿ ನಡುವೆ ಇರ್ಬೇಕಾದ್ದೇ" ಎಂದು ತಾವೇ ಕುರ್ಚಿ ಎಳೆದುಕೊಂಡು ಬದಿಗೆ ಹೋದರು. ಆದರೆ ದೇವರು ವರ ಕೊಟ್ಟರೂ ಪೂಜಾರಿ ಕೊಡಬೇಕಲ್ಲ! ಪ್ರಶಾಂತ್ ಕಣ್ಣು ಕೆಂಪಗೆ ಮಾಡಿ "ಸಾವ್ಕಾರ್ರನ್ನೇ ಏಳಿಸ್ತೀಯೇನೇ?" ಎನ್ನುತ್ತ ಅವರ ಕುರ್ಚಿಯ ಆಚೆ ಬದಿಗೆ, ಅಂಚಿಗೆ, ಹೋಗಿ ನಿಂತ. ಯಲ್ಲಮ್ಮ ಮಗ ಸೊಸೆಯರ ನಡುವೆ ಬಂದು ನಿಂತಳು, ಕೈ ಎಲ್ಲಿಡಬೇಕೆಂದು ಗೊತ್ತಾಗದೆ. ಸೊಸೆ ಆ ಕೈ ಹಿಡಿದುಕೊಂಡಳು. ನಾಗಶ್ರೀ ಆಗ ಕ್ಲಿಕ್ಕಿಸಿದಳು.

ಫೋಟೋದಲ್ಲಿ ಎಲ್ಲ ಇತ್ತು. ಮಸಿ ಹಿಡಿದ ಗೋಡೆ, ಅಂಗೈಯಗಲದ ಕಿಟಕಿ, ನಡುವೆ ಯಲ್ಲಮ್ಮನ ಮುಖದ ಒಂದೊಂದು ಗೆರೆ.

ವಾರ ಕಳೆಯುವಷ್ಟರಲ್ಲಿ ಪ್ರಶಾಂತ್ ಮೊಬೈಲ್ ಹಿಡಿದು ಸ್ಟುಡಿಯೋದ ಮೆಟ್ಟಿಲು ಹತ್ತಿ ಬಂದ.

"ಎಂತ ಫೋಟೋ ಇದು? ಸಾವ್ಕಾರ್ರ ಕೈ ನೋಡು, ಎಷ್ಟುದ್ದ ಬಂದಿದೆ. ನನ್ನ ಮುಖ ಅಂತೂ ಎಳೆದ ರೊಟ್ಟಿ!"

"ಸಾವ್ಕಾರ್ರು ಏನಾದ್ರೂ ಅಂದ್ರಾ?"

"ಅವ್ರು ಎಂತದೂ ಅನ್ಲಿಲ್ಲ. ನಾ ಹೇಳ್ತಿರೋದು. ಇದನ್ನ ಸರಿ ಮಾಡು."

"ಮಾಡ್ಬಹುದು ರೈಟರ್ರೆ, ಸುಲಭ," ಎಂದಳು ನಾಗಶ್ರೀ. ಕಂಪ್ಯೂಟರಿನಲ್ಲಿ ಚಿತ್ರ ತೆರೆದು ಅಂಚಿನ ಗೆರೆಯನ್ನು ಮೆಲ್ಲಗೆ ಒಳಗೆಳೆದಳು. ಗೆರೆ ಪ್ರಶಾಂತನ ಮುಖ ದಾಟಿ ಎದೆಯ ಮೇಲೆ ನಿಂತಿತು. "ಅಂಚಿನಲ್ಲಿ ಇರೋವ್ರನ್ನ ಕತ್ತರಿಸಿದ್ರಾಯ್ತು. ಎಷ್ಟು ಉಳಿಸ್ಲಿ? ಒಂದು ಭುಜ, ಒಂದು ತೋಳು ಸಾಕಾ?"

ಅವಳ ತಲೆಯ ಮೇಲೆ ಗೋಡೆಯಲ್ಲಿ ಬಿಳಿ ಅಂಗಿಯ ತೋಳು ಇತ್ತು. ಪ್ರಶಾಂತ್ ಅದನ್ನು ನೋಡಿದ, ಮೊಬೈಲ್ ಜೇಬಿಗಿಳಿಸಿದ, ಮೆಟ್ಟಿಲಿಳಿದು ಹೋದ.